ಸೋಮವಾರ ಹೂಡಿದ ಚಕ್ಕಡಿ

ದುಂಡಸಿಯ ಉಳಿವೆಪ್ಪನ ಮನೆಯಲ್ಲಿ ಸೋಮವಾರ ಬಂತೆಂದರೆ ಎತ್ತುಗಳಿಗೆ ಹಬ್ಬ, ಹೆಂಗಸರಿಗೆ ಗ್ರಹಚಾರ. ಸೋಮವಾರ ಬಸವಣ್ಣನ ವಾರ. ಸುತ್ತಲಿನ ಯಾವ ಊರಲ್ಲೂ ಅಂದು ಎತ್ತಿನ ಹೆಗಲಿಗೆ ನೊಗ ಇಡುವಂತಿಲ್ಲ. ಸರಿ, ಇರಲಿ. ಆರು ದಿನ ದುಡಿದ ಮೂಕಪ್ರಾಣಿ ಒಂದು ದಿನ ಕಾಲು ಚಾಚಿದರೆ ಯಾರ ಗಂಟು ಹೋಗುತ್ತದೆ? ಆದರೆ ಉಳಿವೆಪ್ಪನ ಮನೆಯ ಕಟ್ಟಳೆ ಇನ್ನೂ ಬಿಗಿ. ಬೇರೆ ದಿನ ಊರ ಹೊರಗಿನ ಭಾವಿಯ ಕಲ್ಲುದೋಣಿಯಲ್ಲಿ ನೀರು ಕುಡಿದು ಬರುತ್ತಿದ್ದ ಎತ್ತುಗಳನ್ನು ಸೋಮವಾರ ಗೂಟದಿಂದ ಬಿಚ್ಚಲೂ ಕೂಡದು. ಕುಡಿಯುವ ನೀರು, ಮೈ ತೊಳೆಯುವ ನೀರು, ಎಲ್ಲ ಅವು ನಿಂತಲ್ಲಿಗೇ ಬರಬೇಕು.

ತರುವವರು ಯಾರು? ಉಳಿವೆಪ್ಪನಂತೂ ಅಲ್ಲ. ಅವನ ಹೆಂಡತಿ ಮುದಕವ್ವ ಹದಿಮೂರನೆಯ ವರ್ಷಕ್ಕೆ ಈ ಮನೆಗೆ ಬಂದವಳು. ಇಪ್ಪತ್ತೆಂಟು ವರ್ಷ, ಸೋಮವಾರಕ್ಕೆ ಹದಿನಾರು ಕೊಡ. ಸಿಂಬಿಯ ಮೇಲೆ ಕೊಡ ಕೂತು ಕೂತು ಅವಳ ನಡುನೆತ್ತಿಯ ಕೂದಲು ಉದುರಿಹೋಗಿತ್ತು. ನೊಗ ಉಜ್ಜಿ ಎತ್ತಿನ ಹೆಗಲು ಕೆಂಪಾದರೆ ಉಳಿವೆಪ್ಪ ಅರಿಷಿಣ ಎಣ್ಣೆ ಕಲಸಿಕೊಂಡು ಓಡುತ್ತಿದ್ದ. ಹೆಂಡತಿಯ ನೆತ್ತಿ ಅವನ ಕಣ್ಣಿಗೆ ಒಂದು ದಿನವೂ ಬೀಳಲಿಲ್ಲ. ಎತ್ತುಗಳ ಮೇಲೆ ಅವಳಿಗೇನೂ ಸಿಟ್ಟಿರಲಿಲ್ಲ. ತನ್ನ ಪಾಲಿನ ರೊಟ್ಟಿ ಮುರಿದು ಅವುಗಳ ಬಾಯಿಗಿಡುತ್ತಿದ್ದವಳೇ ಅವಳು.

ನಮ್ಮ ಸೀಮೆ ಮೈಸೂರು ರಾಜ್ಯಕ್ಕೆ ಸೇರಿದ ಮರುವರ್ಷದ ಬೇಸಿಗೆ. ಮಗ ದುಡಿಯಲು ದೂರದ ಊರಿಗೆ ಹೋಗಿದ್ದ; ಸೊಸೆ ಸುಶೀಲವ್ವ ಏಳು ತಿಂಗಳ ಬಸುರಿ. ಹಿಂದಿನ ವರ್ಷದ ಬಸುರು ಐದಕ್ಕೇ ಇಳಿದುಹೋಗಿತ್ತು. ಇದೊಂದಾದರೂ ಉಳಿಯಲಿ ಎಂದು ಮುದಕವ್ವ ಉಸಿರು ಬಿಗಿಹಿಡಿದಿದ್ದಳು. ಅಂಥದ್ದರಲ್ಲಿ ಒಂದು ಸೋಮವಾರ ಕೊಡ ಹೊತ್ತ ಸುಶೀಲವ್ವ ಭಾವಿಯ ಮೆಟ್ಟಿಲಲ್ಲಿ ಜಾರಿ ಬಿದ್ದಳು. ಹೆಂಗಸರೇ ನಾಲ್ವರು ಹೊತ್ತು ತಂದರು. ಸೂಲಗಿತ್ತಿ ಶಾರವ್ವ ಹೊಟ್ಟೆ ಮುಟ್ಟಿ ನೋಡಿ, "ಕೂಸು ಐತಿ. ಆದ್ರ ಹಡಿಯೂತನಕ ಈಕಿ ಒಂದು ತಂಬಗಿ ಸೈತ ಎತ್ತಬಾರ್ದು" ಎಂದು ಕಟ್ಟುನಿಟ್ಟಾಗಿ ಹೇಳಿ ಹೋದಳು.

ಮುಂದಿನ ಸೋಮವಾರ ಬೆಳಿಗ್ಗೆ ಉಳಿವೆಪ್ಪ ಕಟ್ಟೆಯ ಮೇಲೆ ತಂಬಾಕು ತಿಕ್ಕುತ್ತ ಕೂಗಿದ. "ನೀರೆಲ್ಲಿ? ಬಸವಣ್ಣ ಬಾಯಾರಿ ನಿಂತಾವು."

"ಸುಶೀಲವ್ವ ಏಳೂ ಹಂಗಿಲ್ಲ. ನನ್ನ ನಡಾನೂ ಹಿಡಕೊಂಡೈತಿ. ಇವತ್ತೊಂದಿನ ನೀವ ತರ್ರಿ."

"ಗಂಡಸು ಕೊಡಾ ಹೊತ್ರ ಊರು ನಗತೈತಿ. ಆಕಿನ್ನ ಎಬ್ಬಸು. ಎರಡು ಕೊಡಕ್ಕ ಏನಾಗ್ತೈತಿ?"

ಒಳಗೆ ಕೊಡದ ಸದ್ದಾಯಿತು. ಮಾವನ ಮಾತು ಕೇಳಿ ಸುಶೀಲವ್ವ ಗೋಡೆ ಹಿಡಿದು ಎದ್ದಿದ್ದಳು. ಅದನ್ನು ಕಂಡದ್ದೇ ಮುದಕವ್ವನ ಮೈಯೆಲ್ಲ ಉರಿದುಹೋಯಿತು. ಸೊಸೆಯ ಕೈಯಿಂದ ಕೊಡ ಕಿತ್ತುಕೊಂಡು ಮಲಗಿಸಿದಳು. ಸೀದಾ ದನದ ಮನೆಗೆ ನಡೆದು ಎತ್ತುಗಳನ್ನು ಬಿಚ್ಚಿ ಚಕ್ಕಡಿಗೆ ಹೂಡಿದಳು. ಹಿತ್ತಲಲ್ಲಿ ಬಿದ್ದಿದ್ದ ಪೀಪಾಯಿಯನ್ನು ಉರುಳಿಸಿ ತಂದು ಚಕ್ಕಡಿಯಲ್ಲಿಟ್ಟಳು.

"ಏ! ತಲಿ ಕೆಟ್ಟೈತೇನ ನಿನಗ?" ಎಂದು ಉಳಿವೆಪ್ಪ ಚೀರಿದ.

"ಅವು ಕುಡಿಯೂ ನೀರು ಅವ ತರಲಿ" ಎಂದವಳೇ ಚಕ್ಕಡಿ ಹೊಡೆದುಕೊಂಡು ಹೋದಳು. ಭಾವಿಯಲ್ಲಿದ್ದ ಹೆಂಗಸರು ಕಾರಣ ಕೇಳಲಿಲ್ಲ. ಎಲ್ಲರೂ ಕೈಜೋಡಿಸಿ ಪೀಪಾಯಿ ತುಂಬಿದರು.

ಮರಳುವಷ್ಟರಲ್ಲಿ ಸುದ್ದಿ ಹಬ್ಬಿತ್ತು. ಗುಡಿಕಟ್ಟೆಯ ಮುಂದೆ ಶಿದ್ಲಿಂಗಪ್ಪ ಗೌಡರೂ ಹತ್ತಾರು ಗಂಡಸರೂ ದಾರಿಗೆ ಅಡ್ಡ ನಿಂತಿದ್ದರು. ಉಳಿವೆಪ್ಪ ತಲೆ ತಗ್ಗಿಸಿ ಅವರ ಹಿಂದಿದ್ದ.

"ಮುದಕವ್ವಾ, ಸೋಮಾರ ದಿನ ನೊಗಾ ಹೇರಿದೆಲ್ಲ, ಊರಿಗೇ ಪಾಪ ತಂದಿ!" ಎಂದರು ಗೌಡರು.

"ಗೌಡ್ರ, ಹೋದ ಸೋಮಾರ ಇದ ಕಟ್ಟಿ ಮುಂದ ನನ್ನ ಸೊಸಿನ್ನ ಹೊತಗೊಂಡ ಹೋದ್ವಿ. ನೀವೆಲ್ಲಾರೂ ಇಲ್ಲೇ ಕುಂತಿದ್ರಿ. ಒಬ್ಬರರ ಎದ್ದು ಬಂದ್ರೇನ್ರಿ?"

"ಅದು ಬ್ಯಾರೆ. ಎತ್ತಿಗೆ ಬಾಯಿಲ್ಲ, ದಣದೇನಿ ಅಂತ ಹೇಳಾಕ ಬರೂದಿಲ್ಲ. ಅದಕ್ಕ ಹಿರ್ಯಾರು ಎತ್ತಿಗೆ ಸೋಮಾರ ಬಿಟ್ಟಾರ."

"ನಮಗ ಬಾಯಿ ಐತ್ರಿ. ಹೇಳೂದೂ ಹೇಳೇವಿ. ಕೇಳಿದಾವ ಯಾಂವ?"

ಗೌಡರು ನೊಗದ ಕಡೆ ಕೈಮಾಡಿ, "ಮದ್ಲ ಎತ್ತು ಬಿಚ್ಚು" ಎಂದರು.

"ಬಿಚ್ಚತೇನ್ರಿ" ಎಂದು ಮುದಕವ್ವ ಅಲ್ಲೇ ಕೊರಳ ಹಗ್ಗ ಬಿಚ್ಚಿದಳು. ನೊಗ ನೆಲಕ್ಕೆ ಬಿದ್ದರೆ ಪೀಪಾಯಿ ಉರುಳಿ ನೀರೆಲ್ಲ ಹರಿದುಹೋಗುವುದು ಖಂಡಿತ. ಎದುರಿಗಿದ್ದ ಮಲ್ಲೇಶಪ್ಪನೂ ಇನ್ನಿಬ್ಬರೂ ಗಾಬರಿಯಿಂದ ನೊಗ ಹಿಡಿದುಕೊಂಡರು. ಬಿಡುಗಡೆಯಾದ ಎತ್ತುಗಳು ತಮ್ಮಷ್ಟಕ್ಕೆ ಮನೆಯ ಹಾದಿ ಹಿಡಿದವು.

"ಬಿಡಬ್ಯಾಡ್ರಿ ಮತ್ತ, ಬಸವಣ್ಣನ ನೀರು ಅದು. ಸೋಮಾರ ನಿಮಗ ಬಿಟ್ಟಿಲ್ಲ, ಎಳೀರಿ" ಎಂದಳು ಮುದಕವ್ವ.

ನಡುಬೀದಿಯಲ್ಲಿ ಬಿಡುವಂತಿಲ್ಲ, ಚೆಲ್ಲುವಂತಿಲ್ಲ. ಎಳೆದರು. ಉಳಿವೆಪ್ಪನೂ ಹೆಗಲು ಕೊಟ್ಟ. ಮನೆಯ ಮುಂದಿನ ದಿಣ್ಣೆ ಹತ್ತುವಾಗ ಅವನ ಬಾಯಿಂದ ಉಸಿರಿನ ಹೊರತು ಏನೂ ಹೊರಡಲಿಲ್ಲ. ಮುದಕವ್ವ ಸೆರಗು ಸಿಕ್ಕಿಸಿಕೊಂಡು ಹಿಂದೆ ನಡೆದಳು. ಚಕ್ರಕ್ಕೆ ಒಂದು ಬೆರಳೂ ತಾಗಿಸಲಿಲ್ಲ.

ಅಂಗಳದಲ್ಲಿ ನೊಗ ಇಳಿಸಿ ಮಲ್ಲೇಶಪ್ಪ ಬೆವರು ಒರೆಸಿಕೊಂಡ. "ಅಲ್ಲೋ ಉಳಿವೆಪ್ಪಾ, ಹಿಂದಿನ ದಿನ ಐತವಾರ ಸಂಜಿಕ ಎತ್ತು ಹೊಲದಿಂದ ಬರೂವಾಗ ಹಾದ್ಯಾಗ ಭಾವಿ ಐತಿ. ಆವಾಗ ಚಕ್ಕಡ್ಯಾಗ ತುಂಬಕೊಂಡ ಬಂದ್ರ ಮುಗೀತಲ್ಲ?"

"ಶಾಣ್ಯಾ ಅದಿ ನೋಡೋ!" ಎಂದರು ಗೌಡರು. ಎಲ್ಲರೂ ಹೌದೆಂದು ತಲೆಯಾಡಿಸಿದರು. ಮುಂದಿನ ವಾರದಿಂದ ಹಾಗೇ ಆಗಲಿ ಎಂದು ನಿಂತ ನಿಲುವಿನಲ್ಲೇ ತೀರ್ಮಾನವಾಯಿತು.

ಮುದಕವ್ವ ಗಂಡನ ಮುಖವನ್ನೇ ನೋಡುತ್ತಿದ್ದಳು. ಸಿಟ್ಟಿಗೆ ಅವಳ ಕಣ್ಣು ತುಂಬಿ ಬಂದಿತ್ತು.

"ನಾ ಈ ಮನಿಗೆ ಬಂದ ಎರಡನೇ ವಾರಕ್ಕ ಇದನ್ನ ಹೇಳಿದ್ದೆ. ನೀವೂ ನಿಮ್ಮಪ್ಪನೂ ಏನಂದ್ರಿ, ನೆನಪೈತಿಲ್ಲೋ?"

ಉಳಿವೆಪ್ಪನಿಗೆ ಚೆನ್ನಾಗಿ ನೆನಪಿತ್ತು. ದಿನವಿಡೀ ದುಡಿದು ಬಂದ ಎತ್ತಿಗೆ ಮತ್ತೆ ನೀರಿನ ಭಾರ ಹೇರುವುದೇ, ಪಾಪ, ದಣಿದಿರುತ್ತವೆ ಎಂದಿದ್ದರು.