ಹೊಟ್ಟೆಗೆ ಕಟ್ಟಿಕೊಂಡು ಬಂದ ಬಾಟಲಿ

ನಾನು ಏನು ಕೆಲಸ ಮಾಡುತ್ತೇನೆಂದು ಊರಿನವರಿಗೆ ವಿವರಿಸುವುದನ್ನು ಬಿಟ್ಟು ಬಹಳ ಕಾಲವಾಯಿತು. ಮೈಸೂರಿನ ಒಂದು ಪ್ರಯೋಗಾಲಯದಲ್ಲಿ ಪ್ರಾಣಿಗಳ ಜೀವಕೋಶ ಬೆಳೆಸುತ್ತೇನೆ ಎಂದರೆ ವೈದ್ಯನಾಥಪುರದಲ್ಲಿ ಮುಂದಿನ ಪ್ರಶ್ನೆ ‘ಎಷ್ಟು ಗುಂಟೆ?’ ಎಂಬುದು. ಗುಂಟೆಯಲ್ಲ, ಅಂಗೈಯಗಲದ ಪ್ಲಾಸ್ಟಿಕ್ ಬಾಟಲಿಯೊಳಗೆ. ಅದು ಕಣ್ಣಿಗೆ ಕಾಣುವುದಿಲ್ಲ, ಯಾರೂ ತಿನ್ನುವುದಿಲ್ಲ, ಸಂತೆಗೂ ಹೋಗುವುದಿಲ್ಲ ಎಂದು ನಾನು ಹೇಳಿ ಮುಗಿಸುವಷ್ಟರಲ್ಲಿ ಕೇಳಿದವರ ಮುಖದಲ್ಲಿ ನನ್ನ ಅವ್ವನ ಬಗ್ಗೆ ಕನಿಕರ ಮೂಡಿರುತ್ತದೆ. ಪಾಪ, ಅಷ್ಟು ಕಷ್ಟಪಟ್ಟು ಓದಿಸಿದಳು ಎನ್ನುವ ಕನಿಕರ.

ಅವ್ವನ ತಿಳಿವಳಿಕೆಯೂ ಅಷ್ಟರಲ್ಲೇ ಇತ್ತು. ಒಮ್ಮೆ ನಮ್ಮಲ್ಲಿ ಅವಧಿ ಮುಗಿದ, ಆದರೆ ಒಮ್ಮೆಯೂ ಬಳಸದ ಪೆಟ್ರಿ ತಟ್ಟೆಗಳನ್ನು ಮನೆಗೆ ತಂದಿದ್ದೆ. ದುಂಡಗಿನ, ಮುಚ್ಚಳವಿರುವ, ನೀರಿನಷ್ಟು ತಿಳಿಯಾದ ಪುಟ್ಟ ತಟ್ಟೆಗಳು. ಇವುಗಳಲ್ಲೇ ಜೀವ ಬೆಳೆಯುವುದು, ಇದರೊಳಗೆ ಒಂದು ಕ್ರಿಮಿಯೂ ಇರುವುದಿಲ್ಲ ಎಂದು ಜಂಬದಿಂದ ಹೇಳಿದೆ. ‘ಮುಚ್ಚಳ ಚೆನ್ನಾಗದೆ’ ಎಂದಳು ಅವ್ವ. ಮಾರನೆಯ ದಿನ ಒಂದರಲ್ಲಿ ಅರಿಶಿನ, ಒಂದರಲ್ಲಿ ಕುಂಕುಮ, ಇನ್ನೊಂದರಲ್ಲಿ ಇಂಗು ಇತ್ತು. ವಿಜ್ಞಾನ ನಮ್ಮ ಮನೆಯ ದೇವರ ಗೂಡಿನ ತನಕ ಹೋಯಿತಲ್ಲ ಎಂದು ನಾನೇ ಸಮಾಧಾನ ಮಾಡಿಕೊಂಡೆ.

ಅವಳಿಗೆ ನನ್ನ ಕೆಲಸ ಅರ್ಥವಾಗಿಲ್ಲವಲ್ಲ ಎಂದು ಸಂಕಟವಾದದ್ದು ಅವಳ ಕುತ್ತಿಗೆಯಲ್ಲಿ ಗಂಟು ಕಾಣಿಸಿಕೊಂಡಾಗ. ಮಂಡ್ಯದ ಡಾಕ್ಟರು ಸೂಜಿ ಚುಚ್ಚಿ, ಹನಿಯಷ್ಟು ತೆಗೆದು, ಗಾಜಿನ ಪಟ್ಟಿಯ ಮೇಲೆ ಸವರಿ ಸೂಕ್ಷ್ಮದರ್ಶಕದಲ್ಲಿ ನೋಡಿದರು. ಜೀವಕೋಶಗಳು ಸರಿಯಾಗಿಲ್ಲ, ಗಂಟು ತೆಗೆಸಿಬಿಡಿ, ತಡ ಮಾಡಿದರೆ ಬೇರೆ ಕಡೆಗೆ ಹಬ್ಬುತ್ತದೆ ಎಂದರು. ಅವ್ವ ಸೆರಗನ್ನು ಕುತ್ತಿಗೆಯ ಮೇಲೆ ಎಳೆದುಕೊಂಡು ಮನೆಗೆ ಬಂದಳು, ಅಲ್ಲಿಗೆ ಆ ವಿಷಯ ಮುಗಿಯಿತು ಎಂಬಂತೆ.

‘ನೋವಿಲ್ಲ ಗೀವಿಲ್ಲ. ನನ್ನ ತೌರು ಬೆಳಕವಾಡೀಲಿ ನಮ್ಮಜ್ಜಿಗೆ ನಿಂಬೇಣ್ಣಿನಷ್ಟು ಗಂಟಿತ್ತು. ಅದನ್ನ ಇಟ್ಕೊಂಡೇ ಮೊಮ್ಮಕ್ಕಳ ಮದುವೆ ಮಾಡುದ್ಲು’ ಎಂದಳು.

ನಾನು ಮೈಸೂರಿನಿಂದ ದಿನವೂ ಫೋನು ಮಾಡಿ ಪಾಠ ಹೇಳಿದೆ. ಹೆದರಿದಾಗಲೆಲ್ಲ ನನ್ನ ಬಾಯಿಂದ ಇಂಗ್ಲಿಷ್ ಬರುತ್ತದೆ. ಹೆದರಿಕೆ ದೊಡ್ಡದಾದಷ್ಟೂ ಪದಗಳು ಉದ್ದವಾಗುತ್ತವೆ. ಆ ದಿನಗಳಲ್ಲಿ ನಾನು ಆಡಿದ ಪದಗಳು ಸಣ್ಣಪುಟ್ಟವಲ್ಲ. ಅವ್ವ ಎಲ್ಲವನ್ನೂ ಕೇಳಿಸಿಕೊಂಡು ಕೊನೆಗೆ ಒಂದು ದಿನ ಕಡ್ಡಿ ಮುರಿದಂತೆ ಹೇಳಿದಳು:

‘ಆ ಡಾಕ್ಟ್ರು ಅದೇನೋ ಕಂಡೆ ಅಂತಾನೆ. ನೀನೂ ಅದೇ ಕ್ಯಾಮೆ ತಾನೆ ಮಾಡೋದು? ನಂಗೂ ತೋರ್ಸು. ಕಂಡ್ರೆ ಆಸ್ಪತ್ರೆಗೆ ಓಯ್ತೀನಿ. ಕಾಣ್ದೆ ಇರೋದ್ಕೆಲ್ಲ ಕತ್ತು ಕುಯ್ಯಿಸ್ಕೊಳಕ್ಕಾಗಲ್ಲ ಕಣ್ಲಾ.’

ಹಾಗಾದರೆ ಮೈಸೂರಿಗೆ ಬಾ ಎಂದೆ. ‘ನೋಡಾಕೆ ಅಂತ ಕರ್ಕೊಂಡೋಗಿ ಮಂಚದ ಮ್ಯಾಲೆ ಮನಗಿಸ್ತೀಯೆ. ನೀನೇ ಇಲ್ಲಿಗೆ ತತ್ತಾ’ ಎಂದಳು. ನನ್ನ ಯೋಜನೆ ಅಕ್ಷರಶಃ ಅದೇ ಆಗಿತ್ತು, ಹಾಗಾಗಿ ಸಿಟ್ಟು ಮಾಡಿಕೊಳ್ಳಲೂ ಆಗಲಿಲ್ಲ.

ಅವಳ ಗಂಟಿನದಲ್ಲದಿದ್ದರೂ ಜೀವಕೋಶ ಎಂಬುದೊಂದಿದೆ ಎಂದಾದರೂ ಅವಳಿಗೆ ಕಾಣಲಿ ಎಂದು, ನಮ್ಮಲ್ಲಿರುವುದನ್ನೇ ತೆಗೆದುಕೊಂಡು ಹೋಗುವುದೆಂದು ನಿಶ್ಚಯಿಸಿದೆ. ಮಳವಳ್ಳಿ ಕಡೆಯ ಬಂಡೂರು ಕುರಿಯ ತಳಿ ಉಳಿಸಲೆಂದು ಅದರ ಕಿವಿಯ ಚರ್ಮದ ಜೀವಕೋಶಗಳನ್ನು ನಮ್ಮಲ್ಲಿ ಬೆಳೆಸಿ ಇಡುತ್ತೇವೆ. ಯಾರಿಗೂ ಅಪಾಯವಿಲ್ಲದ ಸಾಧು ಕೋಶಗಳು. ‘ಕುರಿ ಕಿವಿ ತಾನೆ, ತೆಗೆದುಕೊಂಡು ಹೋಗಿ, ಮುಚ್ಚಳ ಮಾತ್ರ ತೆರೆಯಬೇಡಿ’ ಎಂದು ನಮ್ಮ ಮುಖ್ಯಸ್ಥರು ಒಪ್ಪಿದರು. ಈ ಕೋಶಗಳು ಬೆಳೆಯುವ ಬಾಟಲಿ ಚಪ್ಪಟೆಯಾಗಿರುತ್ತದೆ. ಅದನ್ನು ಮಲಗಿಸಿ ಇಟ್ಟರೆ ಕೋಶಗಳು ತಳದ ಅಗಲ ಮುಖಕ್ಕೆ ಅಂಟಿಕೊಂಡು ಹರಡುತ್ತವೆ. ಅವುಗಳ ಊಟ ತೆಳು ಕೆಂಪು ಬಣ್ಣದ ದ್ರವ. ಪ್ರಯಾಣದಲ್ಲಿ ಕುಲುಕಬಾರದೆಂದು ಅದನ್ನು ಕತ್ತಿನ ತನಕ ತುಂಬಿ ಮುಚ್ಚಳ ಬಿಗಿದೆ.

ಅವಕ್ಕೆ ಮೈಶಾಖ ಬೇಕು. ಅದಕ್ಕೆ ಬಾಟಲಿಯನ್ನು ಹೊಟ್ಟೆಗೆ ಒತ್ತಿ, ಮೇಲೆ ಟವೆಲ್ ಸುತ್ತಿ, ಅಂಗಿ ಹಾಕಿಕೊಂಡೆ. ನಿಜ ಹೇಳಬೇಕೆಂದರೆ ಮದ್ದೂರಿನ ಬೇಸಿಗೆಯಲ್ಲಿ ಅದು ಚೀಲದೊಳಗೇ ಒಂದು ದಿನ ಸುಖವಾಗಿರುತ್ತಿತ್ತು. ಅದು ನನಗೆ ಚೆನ್ನಾಗಿ ಗೊತ್ತು, ವಿದ್ಯಾರ್ಥಿಗಳಿಗೆ ನಾನೇ ಹೇಳಿಕೊಟ್ಟಿದ್ದೇನೆ. ಆದರೂ ಹೊಟ್ಟೆಗೇ ಕಟ್ಟಿಕೊಂಡೆ. ಕೈಯಲ್ಲಿ ಏನೂ ಮಾಡಲಾಗದವನು ಹೊಟ್ಟೆಯಲ್ಲಾದರೂ ಏನಾದರೂ ಮಾಡುತ್ತಿರಬೇಕು ಅನ್ನಿಸುತ್ತದೆ.

ಮಂಡ್ಯ ಬರುವ ತನಕ ಎಲ್ಲ ಸುಗಮ. ಅಲ್ಲಿ ಬಸ್ಸು ಹತ್ತಿದ ನಮ್ಮೂರಿನ ಒಬ್ಬರು, ನಮ್ಮಪ್ಪನ ಓರಗೆಯವರು, ಪಕ್ಕಕ್ಕೆ ಬಂದು ಕುಳಿತರು. ಬಸ್ಸು ಒಮ್ಮೆ ಎತ್ತಿಹಾಕಿದ್ದೇ ನನ್ನ ಅಂಗಿಯ ಗುಂಡಿಗಳ ನಡುವೆ ಬಾಟಲಿಯ ಮುಚ್ಚಳ ಇಣುಕಿತು. ಚಪ್ಪಟೆ ಬಾಟಲಿ, ಒಳಗೆ ಕೆಂಪು ನೀರು, ಸೊಂಟದಲ್ಲಿ ಟವೆಲ್.

‘ಕ್ವಾಟ್ರಾ?’ ಎಂದು ಅವರು ಮೆಲ್ಲಗೆ ಕೇಳಿದರು.

‘ಅಲ್ಲ ಮಾವ. ಇದರಲ್ಲಿ ಜೀವ ಅದೆ’ ಎಂದೆ.

‘ಅದರಲ್ಲಿ ಜೀವ ಇಲ್ದೆ ಎಲ್ಲೋದಾತು? ನಂಗೂ ಒಸಿ ಬುಡ್ಲಾ’ ಎಂದು ನನ್ನ ಬೆನ್ನು ತಟ್ಟಿದರು. ಕುಡಿಯುವುದಲ್ಲ, ಕುರಿಯ ಕಿವಿ ಎಂದು ವಿವರಿಸಿದೆ. ಅವರು ಸ್ವಲ್ಪ ದೂರ ಸರಿದು ಕುಳಿತರು. ಕ್ವಾರ್ಟರ್ ಎಂದೇ ಒಪ್ಪಿಕೊಂಡಿದ್ದರೆ ಮರ್ಯಾದೆ ಉಳಿಯುತ್ತಿತ್ತು. ಮದ್ದೂರು ಬರುವ ಮುಂಚೆಯೇ ಅವರು ಫೋನು ತೆಗೆದು ಕಿಟಕಿಯ ಕಡೆ ತಿರುಗಿ ಗುಸುಗುಸು ಮಾತಾಡಿದರು.

ಮನೆಯ ಬಾಗಿಲಲ್ಲೇ ಅವ್ವ ನಿಂತಿದ್ದಳು. ‘ಒಟ್ಟೆಗೆ ಕಟ್ಕೊಂಡು ಕುಡಿಯೋಷ್ಟು ಬರಗೆಟ್ಟೋದೇನ್ಲಾ?’ ಎಂದಳು. ನಾನು ಹಜಾರದಲ್ಲಿ ನಿಂತು ಅಂಗಿ ಎತ್ತಿ, ಟವೆಲ್ ಬಿಚ್ಚಿ ಬಾಟಲಿ ತೋರಿಸಿದೆ. ಬಂಡೂರು ಟಗರಿನ ಕಿವಿ ಎಂದೆ. ಅವಳು ಬೆಳಕಿಗೆ ಹಿಡಿದು ಆ ಕಡೆ ಈ ಕಡೆ ತಿರುಗಿಸಿದಳು.

‘ಕಿವಿ ಬೆಳೀತೀಯೆ. ತೊಡೆ ಬೆಳೆಯಕ್ಕೆ ಬರಲ್ವಾ?’

ಇಷ್ಟು ವರ್ಷಗಳಲ್ಲಿ ನನ್ನ ಸಂಶೋಧನೆಯ ಬಗ್ಗೆ ಬಂದ ಅತ್ಯಂತ ನ್ಯಾಯವಾದ ಟೀಕೆ ಅದು. ಅವಳು ಬಾಟಲಿ ಹಿಂದಕ್ಕೆ ಕೊಡುವಾಗ ನನ್ನ ಹೊಟ್ಟೆಯ ಮೇಲೆ ಅದು ಒತ್ತಿ ಮೂಡಿದ್ದ ಕೆಂಪು ಗುರುತನ್ನು ನೋಡಿದಳು. ಬೆರಳಿಂದ ಒಮ್ಮೆ ಸವರಿದಳು.

ಮದ್ದೂರಿನ ಒಂದು ಪಿಯು ಕಾಲೇಜಿನಲ್ಲಿ ನನ್ನ ಬಾಲ್ಯದ ಗೆಳೆಯ ಜೀವಶಾಸ್ತ್ರ ಕಲಿಸುತ್ತಾನೆ. ಪಂಪ್‌ಸೆಟ್ ರಿಪೇರಿ ಮಾಡುವ ಸಾಬರ ಮನೆಯವನು. ನನ್ನಂತೆಯೇ ಅವನೂ ನಮ್ಮವ್ವನನ್ನು ಅವ್ವ ಎಂದೇ ಕರೆಯುತ್ತಾನೆ. ಭಾನುವಾರವಾದರೂ ನಿಡಘಟ್ಟದ ತನ್ನ ಮನೆಯಿಂದ ಸ್ಕೂಟರಿನಲ್ಲಿ ಬಂದು ಲ್ಯಾಬಿನ ಬೀಗ ತೆಗೆದ. ಅವ್ವ ಮದುವೆಗೆ ಉಡುವ ಸೀರೆ ಉಟ್ಟು ಬಂದಿದ್ದಳು. ಕರೆಂಟು ಇರಲಿಲ್ಲ. ಆದರೆ ಅಲ್ಲಿದ್ದದ್ದು ಕನ್ನಡಿಯಿರುವ ಹಳೆಯ ಸೂಕ್ಷ್ಮದರ್ಶಕ, ಕಿಟಕಿಯ ಬೆಳಕೇ ಸಾಕು. ನಾನು ಗಂಟಲು ಸರಿಮಾಡಿಕೊಂಡು, ಬಾಟಲಿಯನ್ನು ಅದರ ಕೆಳಗಿಟ್ಟು, ಲೆನ್ಸನ್ನು ಇಳಿಸಿದೆ.

ಟಕ್ ಎಂದಿತು. ಲೆನ್ಸು ಬಾಟಲಿಯ ನೆತ್ತಿಗೆ ಬಡಿದು ನಿಂತಿತು.

ನಮ್ಮ ಪ್ರಯೋಗಾಲಯದ ಸೂಕ್ಷ್ಮದರ್ಶಕಗಳು ತಲೆಕೆಳಗಾಗಿರುತ್ತವೆ. ಲೆನ್ಸು ಕೆಳಗೆ, ದೀಪ ಮೇಲೆ. ತಳಕ್ಕೆ ಅಂಟಿದ ಕೋಶಗಳನ್ನು ತಳದಿಂದಲೇ ನೋಡಲೆಂದು ಹಾಗೆ ಮಾಡಿರುತ್ತಾರೆ. ಅದೊಂದನ್ನೇ ಬಳಸಿ ಬಳಸಿ, ಲೋಕದ ಉಳಿದ ಸೂಕ್ಷ್ಮದರ್ಶಕಗಳೆಲ್ಲ ಮೇಲಿನಿಂದ ನೋಡುತ್ತವೆ ಎಂಬುದನ್ನೇ ನಾನು ಮರೆತಿದ್ದೆ. ಲೆನ್ಸಿಗೂ ಕೋಶಗಳಿಗೂ ನಡುವೆ ಇಡೀ ಬಾಟಲಿಯ ದಪ್ಪ. ಪಿಯು ಹುಡುಗರಿಗೂ ಹೊಳೆಯುವ ವಿಷಯ.

‘ಲೇ, ಮೈಸೂರಿಂದ ಕಾವು ಕೂತ್ಕೊಂಡು ಬಂದಿದೀಯ, ಇದು ಇದರಡಿ ಇಡಿಸ್ತದಾ ಅಂತ ನೋಡ್ನಿಲ್ವಾ?’ ಎಂದ ಗೆಳೆಯ. ನಗು ತಡೆದುಕೊಳ್ಳಲು ಅವನು ಕಿಟಕಿ ತೆರೆಯುವ ನೆಪ ಮಾಡಿದ.

ನಾನು ಬಾಟಲಿಯನ್ನು ಓರೆ ಮಾಡಿದೆ, ಅಡ್ಡ ಮಾಡಿದೆ. ಅವ್ವ ಸ್ಟೂಲಿನ ಮೇಲಿಂದ ಎದ್ದಳು. ‘ಕಾಣ್ದಿದ್ರೆ ಬುಡು, ಓಗಾನ. ರಾಗಿ ಒಣಗಾಕ್ಬುಟ್ಟು ಬಂದಿವ್ನಿ.’

ಅವಳು ಆ ಬಾಗಿಲು ದಾಟಿದರೆ ಮತ್ತೆ ಈ ಮಾತೆತ್ತಲು ಬಿಡುವುದಿಲ್ಲ ಎಂದು ನನಗೆ ಖಚಿತವಾಗಿ ಗೊತ್ತಿತ್ತು. ಗಂಟು ಅಲ್ಲೇ ಇರುತ್ತದೆ, ಬೆಳೆಯುತ್ತದೆ, ನಾನು ಮೈಸೂರಿನಲ್ಲಿ ಕುರಿಯ ಕಿವಿ ಕಾಯುತ್ತಾ ಕುಳಿತಿರುತ್ತೇನೆ. ‘ಒಂದ್ನಿಮಿಷ ಕಣವ್ವ’ ಎಂದೆ. ಸೂಕ್ಷ್ಮದರ್ಶಕವನ್ನು ತಲೆಕೆಳಗು ಮಾಡಲಾಗದಿದ್ದರೆ ಬಾಟಲಿಯನ್ನು ಮಾಡಬಹುದಲ್ಲ ಎಂದು ಆಗ ಹೊಳೆಯಿತು. ಕೋಶಗಳು ಅಂಟಿಕೊಂಡಿರುವುದರಿಂದ ಬೀಳುವುದಿಲ್ಲ, ಬಾಟಲಿ ತುಂಬಿರುವುದರಿಂದ ಒಣಗುವುದಿಲ್ಲ. ಬೋರಲು ಹಾಕಿದೆ. ಈಗ ತಳವೇ ನೆತ್ತಿಯಾಗಿ ಲೆನ್ಸಿನ ಹತ್ತಿರಕ್ಕೆ ಬಂತು. ಕೈ ಸರಿಯಾಗಿ ನಿಲ್ಲುತ್ತಿರಲಿಲ್ಲ. ಫ್ಯಾನಿಲ್ಲದ ಕೋಣೆ, ಸೆಕೆ ಎಂದುಕೊಂಡೆ. ಅಂಚುಗಳು ಎದ್ದು ಕಾಣಲೆಂದು ಗೆಳೆಯ ಬೆಳಕಿನ ಕಿಂಡಿಯನ್ನು ಕಿರಿದು ಮಾಡಿದ. ಅಲ್ಲಿ ಕಂಡವು. ಉದ್ದನೆಯ, ತೆಳ್ಳನೆಯ ಕೋಶಗಳು, ನಾಟಿ ಮಾಡಿದ ಪೈರಿನಂತೆ ಒಂದರ ಪಕ್ಕ ಒಂದು.

ಅವ್ವನನ್ನು ಕೂರಿಸಿದೆ. ಅವಳಿಗೆ ಒಂದೇ ಕಣ್ಣು ಮುಚ್ಚಲು ಬರುತ್ತಿರಲಿಲ್ಲ, ಎರಡೂ ಮುಚ್ಚಿಕೊಳ್ಳುತ್ತಿದ್ದವು. ನಾನೇ ಅಂಗೈಯಿಂದ ಅವಳ ಎಡಗಣ್ಣು ಮುಚ್ಚಿ ಹಿಡಿದೆ. ಅವಳು ತುಂಬ ಹೊತ್ತು ನೋಡಿದಳು.

‘ಊಂ’ ಎಂದಳು.

ನನಗೆ ಅಷ್ಟೇ ಬೇಕಿತ್ತು. ‘ಇವು ಒಳ್ಳೆಯವು ಕಣವ್ವ. ಪಕ್ಕದ್ದು ತಾಗಿದ ಕೂಡ್ಲೆ ಬೆಳೆಯೋದು ನಿಲ್ಲಿಸ್ತವೆ. ನಿನ್ನ ಗಂಟಿನಲ್ಲಿ ಇರೋವು ನಿಲ್ಲಿಸಲ್ಲ. ಪಕ್ಕದ್ದರ ಮೇಲೂ ಹತ್ತಿ ಹೋಯ್ತವೆ.’

‘ಬದ ಒತ್ತೋರು ಅನ್ನು’ ಎಂದಳು, ಕಣ್ಣು ತೆಗೆಯದೆ.

ನಾಲೆ ಕೆಳಗಿನ ನಮ್ಮ ಗದ್ದೆಯ ಪಕ್ಕದವರು ಪ್ರತಿ ಉಳುಮೆಯಲ್ಲೂ ಒಂದು ಸಾಲು ನಮ್ಮ ಬದುವಿಗೆ ನೇಗಿಲು ಹಾಕುತ್ತಿದ್ದರು. ಅಪ್ಪ ಸತ್ತ ಮೇಲೆ ಅವ್ವ ಒಬ್ಬಳೇ ಕೆಸರಿನಲ್ಲಿ ನಿಂತು ಅವರನ್ನು ಹಿಂದಕ್ಕೆ ಕಳಿಸಿದ್ದಳು. ‘ಊ ಕಣವ್ವ, ಅಂಥೋರೇ’ ಎಂದೆ. ಅವಳು ಎದ್ದು ಸೆರಗು ಸರಿಮಾಡಿಕೊಂಡಳು.

‘ಯಾವತ್ತು ಬರ್ಬೇಕಂತೆ, ಕೇಳು.’

ಆಮೇಲೆ ನಾನು ಹೇಗೆ ಉಬ್ಬಿದೆ ಎಂದರೆ ಹೇಳಲು ನಾಚಿಕೆಯಾಗುತ್ತದೆ. ಸಹೋದ್ಯೋಗಿಗಳಿಗೆಲ್ಲ ಈ ಕಥೆ ಹೇಳಿದೆ. ಜನರಿಗೆ ವಿಜ್ಞಾನವನ್ನು ಹೇಗೆ ತಲುಪಿಸಬೇಕು ಎಂಬ ಬಗ್ಗೆ ಉಪನ್ಯಾಸವನ್ನೇ ತಯಾರಿಸಿದೆ, ‘ಬದು ಒತ್ತುವ ಜೀವಕೋಶ’ ಎಂಬ ತಲೆಬರಹ ಕೊಟ್ಟು. ಯಾರೂ ಕರೆದಿರಲಿಲ್ಲ, ಆದರೂ ಕನ್ನಡಿಯ ಮುಂದೆ ಅಭ್ಯಾಸ ಮಾಡಿದೆ.

ಆಪರೇಷನ್ ಮಂಡ್ಯದಲ್ಲೇ ಆಯಿತು. ಗಂಟು ಪೂರ್ತಿ ಬಂದಿದೆ, ಹಬ್ಬಿರಲಿಲ್ಲ, ಇನ್ನು ದಿನಾ ಬೆಳಿಗ್ಗೆ ಒಂದು ಮಾತ್ರೆ, ಆಗಾಗ ತಪಾಸಣೆ ಎಂದರು ಡಾಕ್ಟರು. ಅವ್ವನ ದನಿ ಕಟ್ಟಿಹೋಗಿತ್ತು. ಅದು ಸ್ವಲ್ಪ ಬಿಟ್ಟ ದಿನ ನಾನು ಮಂಚದ ಪಕ್ಕ ಕುಳಿತು, ಶಹಬ್ಬಾಸ್‌ಗಿರಿ ಪಡೆಯುವ ಆಸೆಯಿಂದಲೇ ಕೇಳಿದೆ, ‘ಅವತ್ತು ಆ ಬಾಟ್ಲೀಲಿ ನೋಡಿದ್ದು ಒಳ್ಳೇದಾಯ್ತು ಅಲ್ವೇನವ್ವ?’

‘ನಂಗೇನೂ ಕಾಣ್ನಿಲ್ಲ ಕಣ್ಲಾ’ ಎಂದಳು. ‘ಕರ್ರಗೆ ನನ್ನ ರೆಪ್ಪೆ ಕೂದ್ಲೇ ಕಾಣ್ತಿತ್ತು.’

‘ಮತ್ತೆ ಊಂ ಅಂದೆ?’

ಅವಳು ನೀರು ಕೇಳಿ, ಒಂದು ಗುಟುಕು ಕುಡಿದು, ಕಷ್ಟಪಟ್ಟು ನುಂಗಿದಳು.

‘ನೀನು ನನ್ನ ಕಣ್ಣು ಮುಚ್ಚಿದ್ಯಲ್ಲ, ಆ ಕೈ ಗಡಗಡ ನಡುಗ್ತಿತ್ತು. ಪೋನಲ್ಲಿ ಇಂಗ್ಲೀಸ್ ಬುಡ್ತಿದ್ದಾಗ ಅದೇನೋ ಓದ್ಕೊಂಡಿರೋದ ಒಪ್ಪಿಸ್ತಾವ್ನೆ ಅಂದ್ಕೊಂಡಿದ್ದೆ. ನಿಂಗೆ ಎದ್ರಿಕೆ ಅದೆ ಅಂತ ಅವತ್ತೇ ಗೊತ್ತಾಗಿದ್ದು. ಮೊದ್ಲೇ ಅಂಗಂದಿದ್ರೆ ಮೊದ್ಲೇ ಬತ್ತಿದ್ದೆ.’

ನಾನು ಗ್ಲಾಸು ತೊಳೆಯುವ ನೆಪದಲ್ಲಿ ಹೊರಗೆ ಹೋಗಿ ನಲ್ಲಿಯ ಮುಂದೆ ನಿಂತು ಅತ್ತೆ. ಗ್ಲಾಸನ್ನು ಬಹಳ ಹೊತ್ತು ತೊಳೆದೆ.

ಉಪನ್ಯಾಸ ಕಂಪ್ಯೂಟರಿನಲ್ಲಿ ಹಾಗೇ ಬಿದ್ದಿದೆ. ಈ ತಿಂಗಳು ಮತ್ತೆ ತಪಾಸಣೆ. ರಾಗಿ ಕೆಲಸ ಇದೆ, ಆಮೇಲೆ ನೋಡೋಣ ಎಂದು ಅವ್ವ ಮುಂದೂಡುತ್ತಿದ್ದಳು. ನಿನ್ನೆ ಫೋನು ಮಾಡಿದಾಗ, ಯಾಕೆ ತಪಾಸಣೆ ಬೇಕೆಂದು ವಿವರಿಸಲು ಬಾಯಿ ತೆರೆದವನು ನಿಲ್ಲಿಸಿದೆ.

‘ಎದ್ರಿಕೆ ಆಯ್ತದೆ ಕಣವ್ವ’ ಎಂದೆ.

‘ಬತ್ತೀನಿ ಬುಡು’ ಎಂದಳು.