ಮೂಲೆ ಇಲ್ಲದ ಜಮಖಾನ

ಟ್ರಂಕು ತೆರೆದಾಗ ಒಣಗಿದ ಬೇವಿನೆಲೆಯ ವಾಸನೆ ಮೂಗಿಗೆ ಬಡಿಯಿತು. ಮಗಳನ್ನು ನೋಡಲು ಗೊರೇಬಾಳದಿಂದ ಮಸ್ಕಿಯ ನಮ್ಮ ಮನೆಗೆ ನೆಂಟರು ಬರುವವರಿದ್ದರು. ಸೋಫಾ ಇದ್ದರೂ ಅಪ್ಪನ ಜಮಖಾನ ಹಾಸದಿದ್ದರೆ ನನಗೆ ಸಮಾಧಾನವಿಲ್ಲ. ಹಾಸಿ, ಎಂದಿನಂತೆ ಕತ್ತರಿಸಿದ ಮೂಲೆಯನ್ನು ಗೋಡೆ ಕಡೆಗೆ ಮಾಡಿದೆ.

ಅಪ್ಪ ಅದನ್ನು ನೇಯ್ದದ್ದು ಲಿಂಗಸುಗೂರಿನ ಹಳೆಯ ಜೈಲಿನಲ್ಲಿ. ಬೇಡಿಗಿಂತ ಕಸುಬು ಕೊಟ್ಟರೆ ಕೈದಿ ಸುಧಾರಿಸುತ್ತಾನೆಂದು ನಿಜಾಮರ ಕಾಲದಲ್ಲಿ ಯಾರೋ ಪುಣ್ಯಾತ್ಮ ಅಧಿಕಾರಿ ಕಟ್ಟಿಸಿದ್ದಂತೆ. ಒಳಗೆ ಸಾಲು ಸಾಲು ಮಗ್ಗ. ಕಾಲುವೆ ನೀರಿನ ಜಗಳದಲ್ಲಿ ಅಪ್ಪ ಸಲಿಕೆ ಬೀಸಿ ಒಬ್ಬನ ಕೈ ಮುರಿದಿದ್ದ. ಸುಳ್ಳೇಕೆ, ತಪ್ಪು ಅಪ್ಪನದೇ. ಬಿಡುಗಡೆಯಾದಾಗ ತಾನು ನೇಯ್ದ ಜಮಖಾನವನ್ನು ಹೆಗಲ ಮೇಲೆ ಹೊತ್ತು ಬಂದ. ಅದರ ಮೂಲೆಯಲ್ಲಿ ಕೆಂಪು ನೂಲಿನಲ್ಲಿ ‘ಜೈಲು’ ಎಂದಿತ್ತು. ನೆಂಟರು ಬಂದರೆ ಅವ್ವ ಆ ಮೂಲೆಯ ಮೇಲೆ ತುಂಬಿದ ಕೊಡ ಇಡುತ್ತಿದ್ದಳು. ನೀರು ಕೈಗೆಟಕುವಂತೆ ಇಟ್ಟಿದ್ದಾಳೆಂದು ಬಂದವರು ಹೊಗಳುತ್ತಿದ್ದರು.

ನಾನು ಅವ್ವನಿಗಿಂತ ಜಾಣೆ. ನಾನು ಓದುತ್ತಿದ್ದ ಶಾಲೆಯ ಕಾರ್ಯಕ್ರಮಕ್ಕೆ ಜಮಖಾನ ತರುತ್ತೇನೆಂದು ಜಂಬದಿಂದ ಒಪ್ಪಿಕೊಂಡು, ಆ ಮೂಲೆಯನ್ನೇ ಕತ್ತರಿಸಿ ಒಲೆಗೆ ಹಾಕಿದೆ. ಅಪ್ಪ ನೋಡಿದ. ಬೈಯಲಿಲ್ಲ.

“ಅಂಚು ಬಿಚ್ಚಾಕತ್ತೈತಿ, ಸೂಜಿ ತಗೊಂಬಾರವ್ವ,” ಎಂದ. ಹೊಲಿಯುತ್ತ, ತಲೆ ಎತ್ತದೆ ಹೇಳಿದ: “ಮಗ್ಗ ಕಲಿಸಿದ ಉಸ್ತಾದ ಅಂತಿದ್ದ, ಜೈಲು ಕಂಡಾಂವ ಅಂತ ಅಂಜಬ್ಯಾಡ, ನೀ ನೇಯ್ದಿದ್ದರ ಮ್ಯಾಲ ಮಂದಿ ಕುಂದ್ರತಾರ ಅಂತ. ಅದೊಂದ ಮಾತ ನಂಬಿ ದಿನಾ ಕಳದೆ.”

ನಾನು ಕ್ಷಮೆ ಕೇಳಲಿಲ್ಲ. ಕೇಳೋಣವೆನ್ನುವಷ್ಟರಲ್ಲಿ ಅಪ್ಪನೇ ಇರಲಿಲ್ಲ.

ಹೋದ ತಿಂಗಳು ಮುದಗಲ್ಲಿಗೆ ಹೋಗುವಾಗ ಬಸ್ಸಿನ ಕಿಟಕಿಯಿಂದ ನೋಡುತ್ತೇನೆ, ಜೈಲೇ ಇಲ್ಲ. ಒಂದು ಜೆಸಿಬಿ, ಕಲ್ಲಿನ ಗುಡ್ಡೆ, ಬಯಲು. ಪೀಡೆ ತೊಲಗಿತು ಎನ್ನಿಸಬೇಕಿತ್ತು ನೋಡಿ, ಬಸ್ಸು ತಿರುಗುವವರೆಗೂ ಕತ್ತು ಹೊರಳಿಸಿ ಆ ಬಯಲನ್ನೇ ನೋಡಿದೆ. ಗೋಡೆಗಳನ್ನು ಅವರು ಕೆಡವಿದರು, ಹೆಸರನ್ನು ನಾನೇ ಸುಟ್ಟಿದ್ದೆ. ಅಪ್ಪ ಅಲ್ಲಿ ಬದಲಾದದ್ದನ್ನು ಹೇಳಲು ಇನ್ನು ನನ್ನ ಬಾಯಿ ಮಾತ್ರ ಉಳಿದಿತ್ತು.

ನೆಂಟರು ಬಂದರು. ಹಿರಿಯರು ಜಮಖಾನದ ಮೇಲೆ ಕುಳಿತರು, ಹುಡುಗ ಸೋಫಾದಲ್ಲಿ. ಹುಡುಗನ ಅಜ್ಜ ಜಮಖಾನವನ್ನು ಅಂಗೈಯಿಂದ ಸವರಿ, ಎಲ್ಲಿ ಕೊಂಡಿರಿ ಎಂದು ಕೇಳಿದರು. ಸಿಂಧನೂರಿನ ಯಾವುದೋ ಅಂಗಡಿಯ ಹೆಸರು ಹೇಳಲು ನನ್ನ ಗಂಡ ಆಗಲೇ ಬಾಯಿ ತೆರೆದಿದ್ದರು.

“ನಮ್ಮಪ್ಪ ನೇಯ್ದಿದ್ದು ರೀ,” ಎಂದೆ. “ಜೈಲಿನ್ಯಾಗ ಇದ್ದಾಗ.”

ಚಹಾದ ತಟ್ಟೆ ಹಿಡಿದು ಬರುತ್ತಿದ್ದ ಮಗಳು ಬಾಗಿಲಲ್ಲೇ ನಿಂತಳು. ಅಜ್ಜ ಗೋಡೆ ಕಡೆಯ ಹೊಲಿಗೆ ನೋಡಿದರು, ನನ್ನನ್ನು ನೋಡಿದರು. ಆಮೇಲೆ ಸ್ವಲ್ಪ ಸರಿದು ಪಕ್ಕದಲ್ಲಿ ಜಾಗ ಮಾಡಿ, ಸೋಫಾದಲ್ಲಿದ್ದ ಮೊಮ್ಮಗನನ್ನು ಕರೆದರು.

“ಲೇ ತಮ್ಮಾ, ಇಲ್ಲಿ ಬಾ. ಇದರ ಮ್ಯಾಲ ಕುಂದ್ರು.”