ಅಜ್ಜಿಯ ಉತ್ತರಕ್ಕೆ ಕಾದ ಮಕ್ಕಳು

ನಾನು ನಿವೃತ್ತಳಾಗುವುದಕ್ಕೆ ಎರಡು ವರ್ಷ ಮೊದಲಿನ ಮಾತು. ಸ್ಯಾನ್ ಹೋಸೆಯ ಒಂದು ಸಣ್ಣ ಕಂಪನಿಯಲ್ಲಿ ಟೆಸ್ಟಿಂಗ್ ವಿಭಾಗದ ಮುಖ್ಯಸ್ಥೆಯಾಗಿದ್ದೆ. ಮಕ್ಕಳು ಗಟ್ಟಿಯಾಗಿ ಓದಿದ್ದನ್ನು ಟ್ಯಾಬ್ಲೆಟ್ಟಿನಲ್ಲಿ ಕೇಳಿಸಿಕೊಂಡು ಅಂಕ ಕೊಡುವ ಆ್ಯಪ್ ನಮ್ಮದು. ಅದರ ಸ್ವಾಹಿಲಿ ಆವೃತ್ತಿಯನ್ನು ಟಾಂಜಾನಿಯಾದ ಹಳ್ಳಿಶಾಲೆಯೊಂದರಲ್ಲಿ ಆರು ವಾರ ಪ್ರಯೋಗಕ್ಕೆ ಬಿಟ್ಟಿದ್ದೆವು. ಎರಡನೇ ತರಗತಿ, ನಲವತ್ತೊಂದು ಮಕ್ಕಳು. ಪ್ರಯೋಗ ಗೆದ್ದರೆ ಟ್ಯಾಬ್ಲೆಟ್ಟುಗಳು ಶಾಲೆಗೇ ಉಳಿಯುತ್ತಿದ್ದವು, ಸೋತರೆ ವಾಪಸ್ಸು. ಮೂರು ಮಕ್ಕಳಿಗೆ ಒಂದೇ ಪುಸ್ತಕವಿದ್ದ ಶಾಲೆ ಅದು. ಅವರ ಪಾಲಿಗೆ ಇದು ಸಣ್ಣ ವಿಷಯವಾಗಿರಲಿಲ್ಲ.

ಪರದೆಯ ಮೇಲೆ ಪಾಠ ಹೇಳುವವಳು ಒಬ್ಬ ಅಜ್ಜಿ, ಸ್ವಾಹಿಲಿಯಲ್ಲಿ 'ಬೀಬಿ'. ಅಜ್ಜಿಯ ದನಿಯೇ ಇರಲಿ ಎಂದು ಹಟ ಹಿಡಿದವಳು ನಾನು, ಏಕೆಂದರೆ ಧಾರವಾಡದಲ್ಲಿ ನನಗೆ ಓದಿನ ಹುಚ್ಚು ಹತ್ತಿಸಿದ್ದು ನಮ್ಮಜ್ಜಿ. ಟಾಂಜಾನಿಯಾದ ಆ ಹಳ್ಳಿಯ ಹಿರಿಯ ಮಹಿಳೆಯೊಬ್ಬರಿಂದಲೇ ದನಿ ರೆಕಾರ್ಡ್ ಮಾಡಿಸಿ ಬಹಳ ಜಂಬಪಟ್ಟಿದ್ದೆ.

ನಾಲ್ಕನೇ ವಾರದ ಕೊನೆಗೆ ಫಲಿತಾಂಶ ಬಂತು. ಮೂವತ್ತೆಂಟು ಮಕ್ಕಳಿಗೆ ಸೊನ್ನೆ. ಅವರ ಹೆಸರುಗಳ ಮುಂದೆ ಆ್ಯಪ್ ತಾನೇ ಬರೆದುಕೊಂಡಿತ್ತು: 'ಓದಲು ಬಾರದು.'

ನಮ್ಮ ಮ್ಯಾನೇಜರ್ ಶ್ರೀನಾಥ್ ಮೈಸೂರಿನವರು, ಪಕ್ಕದ ಸರಟೋಗಾದಲ್ಲಿ ಮನೆ. ಕೆಟ್ಟ ಮನುಷ್ಯರೇನಲ್ಲ, ಆದರೆ ಗ್ರಾಫ್ ಹೇಳಿದ್ದೇ ಅವರಿಗೆ ವೇದವಾಕ್ಯ. ಅಲ್ಲಿಯ ಮಕ್ಕಳಿಗೆ ಟೆಕ್ನಾಲಜಿ ಇನ್ನೂ ಒಗ್ಗುವುದಿಲ್ಲ, ಶಾಲೆಯನ್ನು ಕೈಬಿಡೋಣ ಎಂದರು. ವರದಿಗೆ ನನ್ನ ಸಹಿ ಬೇಕಿತ್ತು. ನನಗೆ ಮೈಯೆಲ್ಲ ಉರಿದುಹೋಯಿತು. ಅಷ್ಟೊಂದು ಸೊನ್ನೆ ಬಂದರೆ ಮೊದಲು ಪ್ರಶ್ನೆ ಬರೆದವರ ಕಿವಿ ಹಿಂಡಬೇಕು. ಒಂದು ವಾರ ಸಹಿಯ ಮಾತೇ ಬೇಡ ಎಂದು ಹೇಳಿ ಎದ್ದು ಬಂದೆ.

ಮಕ್ಕಳ ರೆಕಾರ್ಡಿಂಗುಗಳನ್ನು ಅದುವರೆಗೆ ನಮ್ಮಲ್ಲಿ ಯಾರೂ ಕೇಳಿರಲಿಲ್ಲ. ಯಂತ್ರ ಕೇಳುತ್ತದಲ್ಲ ಎಂಬ ಧೈರ್ಯ. ಶನಿವಾರ ಬೆಳಗ್ಗೆ ಎವರ್‌ಗ್ರೀನ್‌ನ ನನ್ನ ಮನೆಯಲ್ಲಿ ಹೆಡ್‌ಫೋನ್ ಹಾಕಿಕೊಂಡು ಕುಳಿತೆ. ಬೀಬಿ 'ಬಾ ಮಗು, ಓದು' ಎನ್ನುತ್ತಾಳೆ. ಸಣ್ಣ ದನಿಯೊಂದು 'ಶಿಕಮೋ, ಬೀಬಿ' ಎನ್ನುತ್ತದೆ. ಆಮೇಲೆ ಹತ್ತು ಸೆಕೆಂಡು ಮೌನ, ಯಂತ್ರ ತಪ್ಪೆಂದು ಗುರುತು ಹಾಕುತ್ತದೆ. ಎರಡನೇ ಮಗು, ಮೂರನೇ ಮಗು, ಇಪ್ಪತ್ತನೇ ಮಗು, ಎಲ್ಲರದೂ ಅದೇ ಕಥೆ.

ಸೋಮವಾರ ಬೆಳಗ್ಗೆ ಏಳಕ್ಕೆ, ಅಂದರೆ ಅಲ್ಲಿಯ ಸಂಜೆ, ಶಾಲೆಯ ಶಿಕ್ಷಕಿ ನೀಮಾ ಅವರಿಗೆ ವಿಡಿಯೋ ಕಾಲ್ ಮಾಡಿದೆ. ಶಿಕಮೋ ಎಂಬುದು ಕಿರಿಯರು ಹಿರಿಯರಿಗೆ ಹೇಳುವ ನಮಸ್ಕಾರ ಎಂದು ಅವರು ವಿವರಿಸಿದರು. ಹಿರಿಯರು 'ಮರಹಬಾ' ಎಂದು ಅದನ್ನು ಸ್ವೀಕರಿಸಬೇಕು. ಅಷ್ಟಾಗದೆ ಬೇರೆ ಮಾತಿಗೆ ಹೋದರೆ ಒರಟುತನ. ಮಕ್ಕಳು ಅಜ್ಜಿಯ ಉತ್ತರಕ್ಕಾಗಿ ಕಾಯುತ್ತಿದ್ದರು! ಅಂಕ ಗಳಿಸಿದ ಮೂವರು ತರಗತಿಯ ತುಂಟರು, ನಮಸ್ಕಾರ ಹೇಳದೆಯೇ ಓದಲು ಶುರುಮಾಡಿದವರು ಎಂದು ನೀಮಾ ನಕ್ಕರು.

ಪರೀಕ್ಷೆಯ ನಡುವೆ ಶಿಕ್ಷಕರು ಬಾಯಿ ಹಾಕಬಾರದು ಎಂಬ ನಿಯಮ ನಮ್ಮದೇ. ಹಾಗಾಗಿ ಅವರು ತರಗತಿಯಲ್ಲಿ ಸುಮ್ಮನಿದ್ದರು, ಆದರೆ ಅಜ್ಜಿ ಉತ್ತರ ಕೊಡುತ್ತಿಲ್ಲ ಎಂದು ಮೊದಲ ವಾರವೇ ನಮಗೆ ಮೇಲ್ ಬರೆದಿದ್ದರಂತೆ. ಹುಡುಕಿದೆ. ಇತ್ತು. ಸರಿಯಾಗಿ ಓದದೆ ಅದಕ್ಕೆ 'ದೋಷವಲ್ಲ' ಎಂದು ಗುರುತು ಹಾಕಿ ಮುಚ್ಚಿದವಳು ನಾನೇ. ನಾಚಿಕೆಯಿಂದ ಹಿಡಿಯಷ್ಟಾದೆ. ತಪ್ಪು ನನ್ನದು ಎಂದು ಅವರ ಮುಖ ನೋಡಿಯೇ ಹೇಳಿದೆ.

ಮರುದಿನದ ಮೀಟಿಂಗಿಗೆ ನೀಮಾ ಅವರನ್ನೂ ಕರೆದೆ. ಶ್ರೀನಾಥ್ ಎಲ್ಲ ಕೇಳಿ ನನ್ನ ಕಡೆ ತಿರುಗಿ ಕನ್ನಡದಲ್ಲಿ ಅಂದರು: "ಗ್ರೀಟ್ ಮಾಡ್ಬೇಡಿ ಅಂತ ಮಕ್ಕಳಿಗೆ ಹೇಳಿದ್ರೆ ಮುಗೀತಲ್ಲ ಮೇಡಂ. ಆ್ಯಪ್ ಕೋಡ್ ಯಾಕೆ ಮುಟ್ಟೋದು?"

ಅದನ್ನು ಇಂಗ್ಲಿಷಿನಲ್ಲಿ ನೀಮಾ ಅವರಿಗೆ ಹೇಳಿದೆ. ಅವರು ದನಿ ಏರಿಸದೆ ಉತ್ತರಿಸಿದರು: "ನನ್ನ ಮಕ್ಕಳಿಗೆ ಮರ್ಯಾದೆ ಮರೆಸಿ ಓದು ಕಲಿಸುವುದಿಲ್ಲ. ನಿಮ್ಮ ಅಜ್ಜಿಗೇ ಉತ್ತರ ಕೊಡಲು ಕಲಿಸಿ."

ನನ್ನ ಬಾಯಿಗೆ ಧಾರವಾಡವೇ ಬಂದುಬಿಟ್ಟಿತು. "ಮಕ್ಕಳು ಫೇಲಾಗಿಲ್ರೀ ಶ್ರೀನಾಥ್. ಫೇಲಾಗಿದ್ದು ನಾವು. ಈ ವರದಿಗೆ ನಾ ಸಹಿ ಮಾಡಂಗಿಲ್ಲ. ಬೇಕಿದ್ರ ನನ್ನನ್ನ ತೆಗೀರಿ."

ತೆಗೆಯಲಿಲ್ಲ. ಒಪ್ಪಿಗೆಯನ್ನೂ ಕೊಡಲಿಲ್ಲ. ಬೀಬಿಗೆ ದನಿ ಕೊಟ್ಟಿದ್ದ ಆ ಹಿರಿಯ ಮಹಿಳೆಯಿಂದ 'ಮರಹಬಾ' ಎಂಬ ಒಂದು ಪದವನ್ನು ನೀಮಾ ತಮ್ಮ ಫೋನಿನಲ್ಲೇ ರೆಕಾರ್ಡ್ ಮಾಡಿ ಕಳಿಸಿದರು. ಅದನ್ನು ನಾನು ಯಾರನ್ನೂ ಕೇಳದೆ ಆ್ಯಪಿಗೆ ಸೇರಿಸಿದೆ. ಆರನೇ ವಾರ ನಲವತ್ತೊಂದರಲ್ಲಿ ಮೂವತ್ತಾರು ಮಕ್ಕಳು ಓದಿದರು. ಟ್ಯಾಬ್ಲೆಟ್ಟುಗಳು ಶಾಲೆಯಲ್ಲೇ ಉಳಿದವು.

ಆ ವರ್ಷದ ಮೌಲ್ಯಮಾಪನದಲ್ಲಿ 'ನಿಯಮ ಮೀರಿದ್ದಾರೆ' ಎಂದು ನನ್ನ ಬಗ್ಗೆ ಬರೆದರು. ಮೀರಿದ್ದು ನಿಜ, ಅದಕ್ಕೆ ಇಂದಿಗೂ ಪಶ್ಚಾತ್ತಾಪವಿಲ್ಲ. ನಿವೃತ್ತಳಾಗಿ ಹೋಗುವ ಮೊದಲು ಇನ್ನೊಂದು ನಿಯಮವನ್ನೂ ಮೀರಿದೆ: 'ಓದಲು ಬಾರದು' ಎಂಬ ಸಾಲನ್ನು ಆ್ಯಪಿನಿಂದಲೇ ಅಳಿಸಿದೆ. ಮಗು ಸುಮ್ಮನಿದ್ದರೆ ಅದು ಈಗ 'ನನಗೆ ಕೇಳಿಸಲಿಲ್ಲ' ಎಂದು ಬರೆಯುತ್ತದೆ. ಮೂವತ್ತು ವರ್ಷದ ಕೆಲಸ ನನಗೆ ಕಲಿಸಿದ್ದು ಆ ಎರಡು ಪದ. ಯಾವುದೋ ದೂರದ ಊರಿನವರಿಗೆ ಏನೂ ಬರುವುದಿಲ್ಲ ಎಂದು ಯಾರಾದರೂ ಗ್ರಾಫ್ ಹಿಡಿದು ಬಂದರೆ ನಾನು ಅದನ್ನು ನೋಡುವುದೇ ಇಲ್ಲ. ರೆಕಾರ್ಡಿಂಗ್ ಕೇಳಿದ್ದೀರಾ ಎಂದು ಕೇಳುತ್ತೇನೆ.